ನೆಲದ ಟಿಕೆಟ್ಟಿಗೂ ಅರಮನೆಯ ವೈಭವ: ನಟ ಗುಬ್ಬಿ ವೀರಣ್ಣನವರು ಕಟ್ಟಿದ ಉದ್ಯಮ

ಕಾರಿಮಂಗಲಂ: ಕೃಷ್ಣಗಿರಿಗೂ ಧರ್ಮಪುರಿಗೂ ನಡುವಿನ ಹೆದ್ದಾರಿಯಲ್ಲಿ ನಮ್ಮ ಕಾರಿಮಂಗಲಂ ಇದೆ. ಉತ್ತರಕ್ಕೆ ಹೊರಟರೆ ಹೊಸೂರು ದಾಟಿ ಬೆಂಗಳೂರು. ದಕ್ಷಿಣಕ್ಕೆ ಹೊರಟರೆ ತೊಪ್ಪೂರು ಘಾಟಿ ಇಳಿದು ಸೇಲಂ. ಮುಹೂರ್ತದ ದಿನಗಳಲ್ಲಿ ಈ ರಸ್ತೆಯ ಮೇಲೆ ಹೂವಿನ ಚಪ್ಪರದ ಸಾಮಾನು, ದೀಪದ ತೋರಣ, ಧ್ವನಿವರ್ಧಕ, ವೇದಿಕೆಯ ಕಬ್ಬಿಣದ ಚೌಕಟ್ಟುಗಳನ್ನು ಹೊತ್ತ ಲಾರಿಗಳು ಹಗಲಿರುಳೂ ಸಾಗುತ್ತವೆ. ಒಂದೇ ರಾತ್ರಿಯ ಮದುವೆಗೆ ಅರಮನೆಯೊಂದನ್ನು ಕಟ್ಟಿ, ಬೆಳಗಾಗುವುದರೊಳಗೆ ಬಿಚ್ಚಿ ಒಯ್ಯುವ ಉದ್ಯಮವಿದು. ಇಂಗ್ಲಿಷಿನಲ್ಲಿ ಇದನ್ನು ಇವೆಂಟ್ ಮ್ಯಾನೇಜ್‌ಮೆಂಟ್ ಎನ್ನುತ್ತಾರೆ. ತೆರೆಯ ಮೇಲೆ, ರಂಗದ ಮೇಲೆ ಹೆಸರು ಮಾಡಿದ ಕಲಾವಿದರು ಇಂತಹ ಉದ್ಯಮಕ್ಕೆ ಇಳಿಯುವುದು ಇಂದು ಹೊಸ ಸುದ್ದಿಯಲ್ಲ.

ಆದರೆ ಇದು ಹೊಸ ಕಾಲದ ಆವಿಷ್ಕಾರವೂ ಅಲ್ಲ. ನೂರು ವರ್ಷಗಳ ಹಿಂದೆಯೇ ಒಬ್ಬ ಕನ್ನಡ ನಟ ಆನೆ, ಕುದುರೆ, ದೀಪಾಲಂಕಾರ, ಚಿತ್ರಿತ ಪರದೆಗಳನ್ನು ಕಟ್ಟಿಕೊಂಡು ಊರೂರು ತಿರುಗಿ, ಸಾಮಾನ್ಯ ಜನರಿಗೆ ವೈಭವವನ್ನು ಮಾರಿದರು. ಅವರು ಗುಬ್ಬಿ ವೀರಣ್ಣ. ಅವರ ಬಂಡವಾಳ ಕನ್ನಡವೇ ಆಗಿತ್ತು. ಗಡಿ ಜಿಲ್ಲೆಗಳಲ್ಲಿ ಮಕ್ಕಳನ್ನು ಕನ್ನಡ ಮಾಧ್ಯಮಕ್ಕೆ ಕಳುಹಿಸುವ ಪ್ರತಿಯೊಂದು ಮನೆಯಲ್ಲೂ ಒಂದಲ್ಲ ಒಂದು ದಿನ ಏಳುವ ಪ್ರಶ್ನೆ ಒಂದೇ: ಈ ಭಾಷೆ ನಮ್ಮ ಮಗುವಿಗೆ ಅನ್ನ ಕೊಟ್ಟೀತೇ? ಆ ಪ್ರಶ್ನೆಗೆ ವೀರಣ್ಣನವರ ಬದುಕು ಪೂರ್ತಿ ಉತ್ತರವಲ್ಲದಿದ್ದರೂ ಉತ್ತರದ ಒಂದು ಮುಖ್ಯ ಭಾಗವೆಂದು ನಾವು ನಂಬಿದ್ದೇವೆ. ಆ ಕಾರಣದಿಂದಲೇ ಈ ಪರಿಚಯ ಲೇಖನವನ್ನು ಓದುಗರ ಮುಂದಿಡುತ್ತಿದ್ದೇವೆ.

ಒಂದು ನೋಟದಲ್ಲಿ

ಪೂರ್ಣ ಹೆಸರು: ಗುಬ್ಬಿ ಹಂಪಣ್ಣ ವೀರಣ್ಣ
ಜನನ: 1891, ತುಮಕೂರು ಜಿಲ್ಲೆಯ ಗುಬ್ಬಿ ಸೀಮೆ
ನಿಧನ: 1972
ಸಂಸ್ಥೆ: ಗುಬ್ಬಿ ಶ್ರೀ ಚನ್ನಬಸವೇಶ್ವರ ನಾಟಕ ಸಂಘ (ಸ್ಥಾಪನೆ 1884)
ಪ್ರಸಿದ್ಧ ನಾಟಕಗಳು: ಸದಾರಮೆ, ಕುರುಕ್ಷೇತ್ರ, ದಶಾವತಾರ
ಪ್ರಸಿದ್ಧ ಪಾತ್ರ: ಸದಾರಮೆಯ ಕಳ್ಳ
ನಿರ್ಮಿಸಿದ ಚಲನಚಿತ್ರಗಳಲ್ಲಿ ಕೆಲವು: ಹೇಮರೆಡ್ಡಿ ಮಲ್ಲಮ್ಮ (1946), ಗುಣಸಾಗರಿ (1953), ಬೇಡರ ಕಣ್ಣಪ್ಪ (1954)
ಆತ್ಮಕಥೆ: ಕಲೆಯೇ ಕಾಯಕ
ಗೌರವಗಳು: ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ (1955), ಪದ್ಮಶ್ರೀ (1972)

ಕಂಪನಿ ನಾಟಕ ಎಂದರೇನು?

ಇಂದಿನ ಮಕ್ಕಳಿಗೆ ನಾಟಕವೆಂದರೆ ಶಾಲಾ ವಾರ್ಷಿಕೋತ್ಸವದ ಅರ್ಧ ಗಂಟೆಯ ಪ್ರದರ್ಶನ. ಅವರ ಮುತ್ತಜ್ಜಂದಿರಿಗೆ ನಾಟಕವೆಂದರೆ ಒಂದು ಇಡೀ ರಾತ್ರಿ. 19ನೆಯ ಶತಮಾನದ ಕೊನೆಯ ದಶಕಗಳಲ್ಲಿ ಪಾರ್ಸಿ ನಾಟಕ ಮಂಡಳಿಗಳೂ ಮರಾಠಿ ಮಂಡಳಿಗಳೂ ದಕ್ಷಿಣಕ್ಕೆ ಬಂದವು. ಬಣ್ಣದ ಪರದೆ, ಕಣ್ಣು ಮಿಟುಕಿಸುವುದರೊಳಗೆ ಬದಲಾಗುವ ದೃಶ್ಯ, ಹಾರ್ಮೋನಿಯಂ ಜೊತೆಗಿನ ಹಾಡು, ಎಲ್ಲಕ್ಕಿಂತ ಮುಖ್ಯವಾಗಿ ಟಿಕೆಟ್ಟು, ಇವೆಲ್ಲವೂ ಜನರಿಗೆ ಹೊಸವು. ಬಯಲಾಟಕ್ಕೆ ಊರ ಗೌಡರೋ ದೇವಸ್ಥಾನವೋ ಖರ್ಚು ಕೊಡುತ್ತಿತ್ತು. ನೋಡುವವರು ಚಾಪೆ ಹಿಡಿದು ಬಂದು ಕೂತರಾಯಿತು. ಕಂಪನಿ ನಾಟಕದಲ್ಲಿ ಮೊದಲ ಬಾರಿಗೆ ನೋಡುವವನೇ ಹಣ ಕೊಟ್ಟ. ಅಲ್ಲಿಂದ ಕಲೆ ಒಂದು ಉದ್ಯಮವಾಯಿತು.

1880ರ ದಶಕದಲ್ಲಿ ಮೈಸೂರು ಅರಮನೆಯ ಆಶ್ರಯದಲ್ಲಿ ನಾಟಕ ಸಭೆ ಹುಟ್ಟಿದಾಗ ಅದಕ್ಕೆ ರಾಜನ ಬೊಕ್ಕಸದ ಬಲವಿತ್ತು. ಗುಬ್ಬಿಯಂತಹ ಸಣ್ಣ ಊರಿನಲ್ಲಿ 1884ರಲ್ಲಿ ಹುಟ್ಟಿದ ಸಂಘಕ್ಕೆ ಅಂತಹ ಬಲವಿರಲಿಲ್ಲ. ಊರಿನ ಆರಾಧ್ಯ ದೈವ ಚನ್ನಬಸವೇಶ್ವರನ ಹೆಸರು ಅದರ ನೆತ್ತಿಯ ಮೇಲಿತ್ತು. ಊರಿನ ಆಸಕ್ತರ ಉತ್ಸಾಹ ಅದರ ಬೆನ್ನಿಗಿತ್ತು. ಅಷ್ಟೇ ಬಂಡವಾಳ.

ಕಂಪನಿ ಒಂದು ಊರಿಗೆ ಬಂದು ತಂಗುವುದಕ್ಕೆ ಮೊಕ್ಕಾಂ ಎನ್ನುತ್ತಿದ್ದರು. ಮೊದಲು ಬಯಲು ಗೊತ್ತುಮಾಡಿ ಅಪ್ಪಣೆ ಪಡೆಯಬೇಕು. ಬಿದಿರು, ಗಳ, ತಗಡುಗಳಿಂದ ಥಿಯೇಟರು ಎಬ್ಬಿಸಬೇಕು. ಪರದೆಯ ಸುರುಳಿಗಳು, ಪೋಷಾಕಿನ ಪೆಟ್ಟಿಗೆಗಳು, ಅಡುಗೆಯ ಹಂಡೆಗಳು ಗಾಡಿಯಲ್ಲೋ ರೈಲಿನಲ್ಲೋ ಬರಬೇಕು. ಕಲಾವಿದರು, ಅವರ ಹೆಂಡಿರು ಮಕ್ಕಳು, ಅಡುಗೆಯವರು, ಬಡಗಿಗಳು, ದರ್ಜಿಗಳು, ಎಲ್ಲರಿಗೂ ಸೂರು ಮತ್ತು ಊಟ ಕಂಪನಿಯದೇ. ಹಗಲು ತಾಲೀಮು, ಸಂಜೆ ಬಣ್ಣ, ರಾತ್ರಿ ಊಟದ ಹೊತ್ತು ಕಳೆದ ಮೇಲೆ ಆಟ. ಮಳೆ ಹಿಡಿದರೆ ಆಟವಿಲ್ಲ, ಆದರೆ ಊಟ ನಿಲ್ಲುವಂತಿಲ್ಲ. ಈ ಒಂದು ಸಾಲಿನಲ್ಲೇ ನಾಟಕ ಕಂಪನಿಯ ಮಾಲೀಕನ ಕಷ್ಟವೆಲ್ಲ ಅಡಗಿದೆ. ಆದಾಯ ರಾತ್ರಿಗೊಮ್ಮೆ ಬರುತ್ತದೆ, ಅಥವಾ ಬರುವುದಿಲ್ಲ. ಖರ್ಚು ಮಾತ್ರ ದಿನವೂ ತಪ್ಪದೆ ಬರುತ್ತದೆ.

ನಟನೇ ಮಾಲೀಕನಾದದ್ದು

ವೀರಣ್ಣನವರು ಈ ಸಂಘಕ್ಕೆ ಬಂದದ್ದು ಬಾಲನಟರಾಗಿ. ಆಡುವ ವಯಸ್ಸಿನಲ್ಲಿ ಬಣ್ಣ ಹಚ್ಚಿಕೊಂಡ ಹುಡುಗನಿಗೆ ಶಾಲೆಯ ಓದು ಹೆಚ್ಚು ದಕ್ಕಲಿಲ್ಲ. ಅವರ ಪಾಠಶಾಲೆ ರಂಗದ ಹಿಂಭಾಗವೇ ಆಯಿತು. ಬಾಲಪಾತ್ರ, ಸ್ತ್ರೀಪಾತ್ರ, ಹಾಸ್ಯಪಾತ್ರಗಳನ್ನು ಒಂದೊಂದಾಗಿ ದಾಟಿ ಬೆಳೆದ ಅವರು ಹಾಸ್ಯನಟರಾಗಿ ನಾಡಿಗೆ ಪರಿಚಿತರಾದರು. ಸದಾರಮೆ ನಾಟಕದ ಕಳ್ಳನ ಪಾತ್ರ ಅವರ ಹೆಸರಿಗೇ ಅಂಟಿಕೊಂಡಿತು. ಕಥೆಯ ನಾಯಕನನ್ನು ಮರೆತವರೂ ಆ ಕಳ್ಳನನ್ನು ಮರೆಯಲಿಲ್ಲ.

1917ರಲ್ಲಿ ಕಂಪನಿಯ ಒಡೆತನ ಅವರ ಕೈಗೆ ಬಂತು. ಅದುವರೆಗೆ ಅವರು ಸಂಬಳ ಪಡೆಯುವ ನಟ. ಅಂದಿನಿಂದ ಸಂಬಳ ಕೊಡುವ ಯಜಮಾನ. ಈ ದಾಟು ಸುಲಭದ್ದಲ್ಲ. ಚಪ್ಪಾಳೆ ಬಿದ್ದರೆ ನಟನಿಗೆ ಸಾಕು. ಚಪ್ಪಾಳೆ ತಟ್ಟಿದವರಲ್ಲಿ ಎಷ್ಟು ಮಂದಿ ಟಿಕೆಟ್ಟು ಕೊಂಡವರು, ಎಷ್ಟು ಮಂದಿ ತಡಿಕೆಯ ಸಂದಿಯಲ್ಲಿ ನುಸುಳಿ ಬಂದವರು ಎಂಬುದನ್ನು ಮಾಲೀಕ ಎಣಿಸಬೇಕು. ವೀರಣ್ಣನವರು ಎರಡನ್ನೂ ಒಟ್ಟಿಗೆ ಮಾಡಿದರು. ಮಾಲೀಕರಾದ ಮೇಲೂ ರಂಗ ಬಿಡಲಿಲ್ಲ. ಜನ ಎಲ್ಲಿ ನಗುತ್ತಾರೆ, ಎಲ್ಲಿ ಆಕಳಿಸುತ್ತಾರೆ ಎಂಬುದು ಅವರಿಗೆ ಲೆಕ್ಕದ ಪುಸ್ತಕದಿಂದಲ್ಲ, ರಂಗದ ಮೇಲೆ ನಿಂತು ಗೊತ್ತಾಗುತ್ತಿತ್ತು. ನಟ ಉದ್ಯಮಿಯಾದಾಗ ಸಿಗುವ ದೊಡ್ಡ ಲಾಭ ಇದೇ.

ಅವರಿಗಿಂತ ಮುಂಚೆ ಎ.ವಿ. ವರದಾಚಾರ್ಯರು ಕೂಡ ನಟರಾಗಿದ್ದು ಕಂಪನಿ ಕಟ್ಟಿದವರೇ. ಅವರ ರತ್ನಾವಳಿ ನಾಟಕ ಕಂಪನಿ ಅಭಿನಯಕ್ಕೂ ಗಾಯನಕ್ಕೂ ಹೆಸರಾಗಿತ್ತು. ವರದಾಚಾರ್ಯರು 1926ರಲ್ಲಿ ತೀರಿಕೊಂಡರು. ಒಬ್ಬ ಮಹಾನಟನನ್ನೇ ನೆಚ್ಚಿದ ಕಂಪನಿಗೆ ಆ ನಟನ ಆಯುಸ್ಸೇ ಮಿತಿ. ವೀರಣ್ಣನವರ ಕಂಪನಿ ಹಾಗಾಗದೆ ತಲೆಮಾರುಗಳನ್ನು ದಾಟಿತು. ಏಕೆಂದರೆ ಅದು ಒಬ್ಬರ ಕೊರಳನ್ನು ನೆಚ್ಚದೆ, ಬರೆಯುವವರು, ಚಿತ್ರಿಸುವವರು, ಹಾಡುವವರು, ಕಟ್ಟುವವರು ಎಲ್ಲರನ್ನೂ ಸೇರಿಸಿಕೊಂಡ ಸಂಸ್ಥೆಯಾಗಿ ಬೆಳೆಯಿತು. ಬೆಳ್ಳಾವೆ ನರಹರಿಶಾಸ್ತ್ರಿಗಳು, ಬಿ. ಪುಟ್ಟಸ್ವಾಮಯ್ಯನವರಂತಹ ಲೇಖಕರು ಕಂಪನಿಗಾಗಿ ನಾಟಕ ಬರೆದರು. ಮುಂದೆ ಕ್ರಾಂತಿಕಲ್ಯಾಣ ಕಾದಂಬರಿಗೆ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಪಡೆದ ಪುಟ್ಟಸ್ವಾಮಯ್ಯನವರು ಇವರೇ.

ವೈಭವದ ಲೆಕ್ಕಾಚಾರ

ಗುಬ್ಬಿ ಕಂಪನಿಯ ಹೆಸರು ಹೇಳಿದೊಡನೆ ಹಿರಿಯರು ನೆನೆಯುವುದು ಕುರುಕ್ಷೇತ್ರ ನಾಟಕವನ್ನು. 1930ರ ದಶಕದಲ್ಲಿ ಪುಟ್ಟಸ್ವಾಮಯ್ಯನವರ ರಚನೆಯಾಗಿ ಬಂದ ಈ ನಾಟಕದಲ್ಲಿ ನಿಜವಾದ ಆನೆ ಕುದುರೆಗಳು ರಂಗಕ್ಕೆ ಬಂದವು. ದಶಾವತಾರದಂತಹ ನಾಟಕಗಳಲ್ಲಿ ಯಂತ್ರಕೌಶಲ, ಬೆಳಕಿನ ಚಮತ್ಕಾರ, ಕ್ಷಣದಲ್ಲಿ ಬದಲಾಗುವ ದೃಶ್ಯಗಳು ಜನರನ್ನು ಬೆರಗುಗೊಳಿಸಿದವು. ಮನೆಗಳಲ್ಲಿ ಚಿಮಣಿ ದೀಪ ಉರಿಯುತ್ತಿದ್ದ ಕಾಲದಲ್ಲಿ ವಿದ್ಯುದ್ದೀಪಗಳಿಂದ ಬೆಳಗುವ ದೇವಲೋಕವನ್ನು ನೋಡಿದ ಹಳ್ಳಿಯವನ ಮನಃಸ್ಥಿತಿಯನ್ನು ನಾವು ಇಂದು ಊಹಿಸಿಕೊಳ್ಳಬೇಕಷ್ಟೆ.

ನಮ್ಮ ಧರ್ಮಪುರಿ, ಸೇಲಂ ಸೀಮೆಯ ಓದುಗರಿಗೆ ಇದನ್ನು ಅರ್ಥಮಾಡಿಕೊಳ್ಳಲು ಒಂದು ಹತ್ತಿರದ ದಾರಿಯಿದೆ. ದ್ರೌಪದಿ ಅಮ್ಮನ ಹಬ್ಬಗಳಲ್ಲಿ ರಾತ್ರಿಯಿಡೀ ನಡೆಯುವ ತೆರುಕ್ಕೂತ್ತನ್ನು ನಮ್ಮಲ್ಲಿ ನೋಡದವರು ಕಡಿಮೆ. ಅಲ್ಲಿಯೂ ಕಥೆ ಮಹಾಭಾರತವೇ. ದುರ್ಯೋಧನನ ಕಿರೀಟ, ಭೀಮನ ಗದೆ, ದ್ರೌಪದಿಯ ಶಪಥ ಎಲ್ಲವೂ ಉಂಟು. ಆದರೆ ಕೂತ್ತಿನಲ್ಲಿ ಆನೆಯನ್ನು ನಟನ ಮಾತೂ ಹೆಜ್ಜೆಯೂ ನಮ್ಮ ಕಣ್ಣಿಗೆ ತರುತ್ತವೆ. ವೀರಣ್ಣನವರ ಕುರುಕ್ಷೇತ್ರದಲ್ಲಿ ಆನೆಯೇ ಬಂದು ನಿಲ್ಲುತ್ತಿತ್ತು. ಎರಡರಲ್ಲಿ ಯಾವುದು ಹೆಚ್ಚಿನ ಕಲೆ ಎಂಬ ವಾದಕ್ಕೆ ಕೊನೆಯಿಲ್ಲ. ಉದ್ಯಮದ ದೃಷ್ಟಿಯಿಂದ ಮಾತ್ರ ವ್ಯತ್ಯಾಸ ಸ್ಪಷ್ಟ: ಆನೆಗೆ ಮೇವು ಬೇಕು, ಮಾವುತನಿಗೆ ಸಂಬಳ ಬೇಕು, ಆನೆಯ ಭಾರ ತಾಳುವ ಗಟ್ಟಿ ರಂಗ ಬೇಕು. ಇಷ್ಟನ್ನೂ ಟಿಕೆಟ್ಟಿನ ಹಣದಿಂದಲೇ ಹೊಂದಿಸಬೇಕು.

ಹೊಂದಿಸುತ್ತಿದ್ದ ಬಗೆ ಹೀಗೆ. ಕಂಪನಿ ನಾಟಕದ ಥಿಯೇಟರಿನಲ್ಲಿ ದರ್ಜೆಗಳಿದ್ದವು. ಮುಂದೆ ಕುರ್ಚಿ, ಅದರ ಹಿಂದೆ ಬೆಂಚು, ಉಳಿದವರಿಗೆ ನೆಲ. ಕುರ್ಚಿಯ ಟಿಕೆಟ್ಟಿಗೆ ಬೆಲೆ ಹೆಚ್ಚು, ಸಂಖ್ಯೆ ಕಡಿಮೆ. ನೆಲದ ಟಿಕೆಟ್ಟಿಗೆ ಬೆಲೆ ಕಡಿಮೆ, ಸಂಖ್ಯೆ ಹೆಚ್ಚು. ಅಧಿಕಾರಿಗಳೂ ಸಾಹುಕಾರರೂ ಕುರ್ಚಿಯಲ್ಲಿ ಕೂತರೆ, ಕೂಲಿಯವನೂ ಗಾಡಿಯವನೂ ನೆಲದ ಮೇಲೆ ಕೂತರು. ನೋಡಿದ ಆನೆ ಮಾತ್ರ ಎಲ್ಲರಿಗೂ ಒಂದೇ. ನೆಲದಲ್ಲಿ ಕೂತವನಿಗೆ ಆನೆಯ ಅರ್ಧವನ್ನು ತೋರಿಸಲು ಬರುವುದಿಲ್ಲ. ಈ ಸರಳ ಸತ್ಯದ ಮೇಲೆ ಗುಬ್ಬಿ ಕಂಪನಿಯ ವ್ಯಾಪಾರ ನಿಂತಿತ್ತು. ದೊಡ್ಡ ಖರ್ಚನ್ನು ಬಹಳ ಜನರ ಮೇಲೆ ಹಂಚಿದರೆ ಒಬ್ಬೊಬ್ಬರ ಪಾಲಿಗೆ ಬರುವುದು ಸಣ್ಣ ಕಾಸು. ಆದ್ದರಿಂದ ವೈಭವ ಹೆಚ್ಚಿದಷ್ಟೂ ಜನ ಹೆಚ್ಚಬೇಕು. ಜನ ಹೆಚ್ಚಬೇಕಾದರೆ ಊರೂರು ತಿರುಗಬೇಕು.

ಅದಕ್ಕಾಗಿಯೇ ಕಂಪನಿ ಮೈಸೂರು ಸೀಮೆಯ ಎಲ್ಲೆಯೊಳಗೆ ಉಳಿಯಲಿಲ್ಲ. ತೆಲುಗು, ತಮಿಳು ನಾಡುಗಳಲ್ಲೂ ಮೊಕ್ಕಾಂ ಹೂಡಿತು. ಕರ್ನಾಟಕಾಂಧ್ರ ನಾಟಕ ಸಾರ್ವಭೌಮ ಎಂಬ ಬಿರುದು ವೀರಣ್ಣನವರಿಗೆ ಸಂದಿತು; ಅದು ಭಾಷೆಯ ಗಡಿ ದಾಟಿದ ಕೀರ್ತಿಯ ಗುರುತು. ಗಡಿಯ ಆಚೆಗಿನ ಜನರನ್ನು ಅವರು ಅನ್ಯರೆಂದು ಎಣಿಸಲಿಲ್ಲ, ಪ್ರೇಕ್ಷಕರೆಂದು ಎಣಿಸಿದರು.

ರಂಗದಿಂದ ತೆರೆಗೆ, ಗಾಜನೂರಿನ ಹುಡುಗನೊಂದಿಗೆ

ಸಿನಿಮಾ ಬಂದಾಗ ಅನೇಕ ನಾಟಕ ಕಂಪನಿಗಳು ಅದನ್ನು ಶತ್ರುವೆಂದು ಕಂಡವು. ವೀರಣ್ಣನವರು ಅದನ್ನೂ ಒಂದು ರಂಗವೆಂದೇ ಕಂಡರು. 1930ರ ದಶಕದ ಆರಂಭದಲ್ಲಿ, ಚಿತ್ರಗಳಿಗೆ ಇನ್ನೂ ಮಾತು ಬಾರದ ಕಾಲದಲ್ಲೇ, ಮೂಕಿ ಚಿತ್ರಗಳ ತಯಾರಿಕೆಗೆ ಕೈಹಾಕಿದರು. 1935ರಲ್ಲಿ ಸದಾರಮೆ ವಾಕ್ಚಿತ್ರವಾಯಿತು. ಬೆಂಗಳೂರಿನಲ್ಲಿ ಅವರ ಹೆಸರಿನ ಥಿಯೇಟರು ಎದ್ದಿತು. ಹೇಮರೆಡ್ಡಿ ಮಲ್ಲಮ್ಮ, ಗುಣಸಾಗರಿಗಳ ಅನಂತರ 1954ರಲ್ಲಿ ಬಂದದ್ದು ಬೇಡರ ಕಣ್ಣಪ್ಪ.

ಬೇಡರ ಕಣ್ಣಪ್ಪದ ಕಥೆಯಲ್ಲಿ ಗಡಿನಾಡಿನ ನಮಗೆ ವಿಶೇಷ ಪಾಲಿದೆ. ಅದರ ನಾಯಕ ಹುಟ್ಟಿದ್ದು ತಾಳವಾಡಿ ಬಳಿಯ ಗಾಜನೂರಿನಲ್ಲಿ. ಇಂದು ಅದು ತಮಿಳುನಾಡಿನ ಈರೋಡು ಜಿಲ್ಲೆ. ಅಂದು ಮದರಾಸು ಪ್ರಾಂತ್ಯ. ತಂದೆ ಸಿಂಗಾನಲ್ಲೂರು ಪುಟ್ಟಸ್ವಾಮಯ್ಯನವರು ಗುಬ್ಬಿ ಕಂಪನಿಯ ನಟರು. ಮುತ್ತುರಾಜ ಎಂಬ ಆ ಹುಡುಗ ಬಾಲ್ಯದಲ್ಲೇ ಶಾಲೆ ಬಿಟ್ಟು ತಂದೆಯೊಂದಿಗೆ ಕಂಪನಿ ಸೇರಿದ. ಅಲ್ಲಿ ಅಕ್ಷರದ ಉಚ್ಚಾರ, ಹಾಡಿನ ಶ್ರುತಿ, ನಿಲ್ಲುವ ನಿಲುವು ಕಲಿತ. ಎಚ್.ಎಲ್.ಎನ್. ಸಿಂಹ ಅವರ ನಿರ್ದೇಶನದಲ್ಲಿ ಕಣ್ಣಪ್ಪನಾಗಿ ತೆರೆಗೆ ಬಂದಾಗ ಅವನ ಹೆಸರು ರಾಜ್‌ಕುಮಾರ್ ಎಂದಾಗಿತ್ತು. ಅದೇ ಕಥೆ ಅದೇ ನಾಯಕನೊಂದಿಗೆ ಕಾಳಹಸ್ತಿ ಮಹಾತ್ಮ್ಯಂ ಎಂಬ ಹೆಸರಿನಲ್ಲಿ ತೆಲುಗಿನಲ್ಲೂ ಬಂತು.

ಕನ್ನಡ ನಾಡಿನ ಹೊರಗೆ, ತಮಿಳುನಾಡಿನ ಭೂಪಟದೊಳಗೆ ಹುಟ್ಟಿದ ಒಬ್ಬ ಹುಡುಗ ಕನ್ನಡದ ದನಿಯೇ ಆಗಿಬಿಟ್ಟ. ಇದಕ್ಕೆ ಅವರ ಪ್ರತಿಭೆ ಮೊದಲ ಕಾರಣ. ಆದರೆ ಪ್ರತಿಭೆಗೆ ಊಟ ಹಾಕಿ, ತಾಲೀಮು ಕೊಟ್ಟು, ಕಾಯ್ದು ಬೆಳೆಸಿದ ಒಂದು ಕನ್ನಡದ ಉದ್ಯಮವಿತ್ತು ಎಂಬುದನ್ನು ಮರೆಯಬಾರದು.

ಮನುಷ್ಯರ ಮೇಲೆ ಹೂಡಿದ ಹಣ

ಗುಬ್ಬಿ ಕಂಪನಿಯ ಲಾಭ ಬರೀ ಪರದೆಗೂ ಪೋಷಾಕಿಗೂ ಹೋಗಲಿಲ್ಲ. ಗಂಡಸರೇ ಹೆಣ್ಣುವೇಷ ಹಾಕುತ್ತಿದ್ದ ಕಾಲದಲ್ಲಿ ಹೆಣ್ಣುಮಕ್ಕಳನ್ನು ಗೌರವದಿಂದ ರಂಗಕ್ಕೆ ತಂದವರಲ್ಲಿ ವೀರಣ್ಣನವರು ಮುಖ್ಯರು. ಅವರ ಪತ್ನಿ ಬಿ. ಜಯಮ್ಮನವರು ರಂಗದಲ್ಲೂ ತೆರೆಯಲ್ಲೂ ಗಾಯಕಿ ನಟಿಯಾಗಿ ಪ್ರಸಿದ್ಧರಾದರು. ಎಂಟು ವರ್ಷದ ಹುಡುಗನಾಗಿ ಕಂಪನಿ ಸೇರಿದ ಜಿ.ವಿ. ಅಯ್ಯರ್ ಮುಂದೆ ಹಂಸಗೀತೆ ಚಿತ್ರವನ್ನೂ, ಸಂಸ್ಕೃತದ ಮೊದಲ ಚಲನಚಿತ್ರವಾದ ಆದಿ ಶಂಕರಾಚಾರ್ಯವನ್ನೂ ನಿರ್ದೇಶಿಸಿದರು.

ಎಲ್ಲಕ್ಕಿಂತ ನಮ್ಮ ಓದುಗರು ನೆನಪಿಡಬೇಕಾದದ್ದು ಬಿ.ವಿ. ಕಾರಂತರ ಪ್ರಸಂಗ. ದಕ್ಷಿಣ ಕನ್ನಡದ ಬಾಬುಕೋಡಿಯ ಈ ಹುಡುಗ ಮನೆ ಬಿಟ್ಟು ಓಡಿಬಂದು ಗುಬ್ಬಿ ಕಂಪನಿ ಸೇರಿದ್ದ. ಹುಡುಗನ ಬುದ್ಧಿಯನ್ನು ಗುರುತಿಸಿದ ವೀರಣ್ಣನವರು ಅವನನ್ನು ಹಿಂದಿ ಎಂ.ಎ. ಓದಲು ಬನಾರಸ್ ಹಿಂದೂ ವಿಶ್ವವಿದ್ಯಾಲಯಕ್ಕೆ ಕಳುಹಿಸಿದರು. ಅದೇ ಹುಡುಗ 1977ರಲ್ಲಿ ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಯ ನಿರ್ದೇಶಕರಾದರು. 1989ರಲ್ಲಿ ಮೈಸೂರಿನಲ್ಲಿ ರಂಗಾಯಣ ಕಟ್ಟಿದರು.

ಸ್ವತಃ ಶಾಲೆಯ ಮೆಟ್ಟಿಲು ಹೆಚ್ಚು ಹತ್ತದ ಒಬ್ಬ ಮಾಲೀಕ, ತನ್ನ ಕಂಪನಿಯ ಒಬ್ಬ ಹುಡುಗನನ್ನು ಸಾವಿರಾರು ಕಿಲೋಮೀಟರು ದೂರದ ವಿಶ್ವವಿದ್ಯಾಲಯಕ್ಕೆ ಕಳುಹಿಸಿದ್ದನ್ನು ನಾವು ಎರಡು ರೀತಿಯಲ್ಲಿ ಓದಬೇಕು. ಒಂದು, ವೀರಣ್ಣನವರು ಓದಿನ ಬೆಲೆಯನ್ನು ಅರಿತಿದ್ದರು. ಶಾಲೆ ಬಿಟ್ಟದ್ದನ್ನು ಅವರು ಆದರ್ಶವಾಗಿ ತೋರಿಸಲಿಲ್ಲ. ಎರಡು, ಕನ್ನಡದ ಬಲವಿದ್ದ ಹುಡುಗನಿಗೆ ಇನ್ನೊಂದು ಭಾಷೆಯ ಬಲವನ್ನೂ ಕೂಡಿಸಿದರು. ಕಾರಂತರು ಹಿಂದಿಯಲ್ಲಿ ನಾಟಕ ಮಾಡಿದಾಗಲೂ ಅವರ ಸಂಗೀತದ ಬೇರು ಕಂಪನಿ ನಾಟಕ, ಯಕ್ಷಗಾನಗಳಲ್ಲೇ ಇತ್ತು.

ನಮ್ಮ ಹೆದ್ದಾರಿಯ ಮತ್ತೊಂದು ತುದಿ

ಇಂತಹ ಸಾಹಸ ಕನ್ನಡದಲ್ಲಿ ಮಾತ್ರ ನಡೆಯಿತೆಂದು ನಾವು ಹೇಳುವುದಿಲ್ಲ. ನಮ್ಮ ಹೆದ್ದಾರಿ ಹಿಡಿದು ಸೇಲಂಗೆ ಹೋದರೆ, ಏರ್ಕಾಡು ರಸ್ತೆಯಲ್ಲಿ ಮಾಡರ್ನ್ ಥಿಯೇಟರ್ಸ್ ಸ್ಟುಡಿಯೋದ ಹಳೆಯ ಕಮಾನು ಕಾಣುತ್ತದೆ. ಟಿ.ಆರ್. ಸುಂದರಂ ಅವರು 1930ರ ದಶಕದಲ್ಲಿ ಕಟ್ಟಿದ ಈ ಸಂಸ್ಥೆ ಮದರಾಸು ನಗರದ ಹಂಗಿಲ್ಲದೆ ನೂರಕ್ಕೂ ಹೆಚ್ಚು ಚಿತ್ರಗಳನ್ನು ತಯಾರಿಸಿತು. ಮಲಯಾಳಂನ ಮೊದಲ ವಾಕ್ಚಿತ್ರ ಬಾಲನ್ (1938) ಇದರದೇ ಕೊಡುಗೆ.

ಹಳೆಯ ಸೇಲಂ ಜಿಲ್ಲೆಗೆ ಸೇರಿದ್ದ ನಾಮಕ್ಕಲ್‌ನಲ್ಲಿ ಹುಟ್ಟಿದ ಆರ್.ಎಸ್. ಮನೋಹರ್ ಅವರು ವೀರಣ್ಣನವರಿಗೆ ಇನ್ನೂ ಹತ್ತಿರದವರು. ತೆರೆಯ ಮೇಲೆ ಖಳನಾಯಕರಾಗಿ ಗಳಿಸಿದ ಹೆಸರನ್ನು ಅವರು ತಮ್ಮ ನ್ಯಾಷನಲ್ ಥಿಯೇಟರ್ಸ್ ನಾಟಕ ತಂಡಕ್ಕೆ ಬಂಡವಾಳವಾಗಿಸಿದರು. ರಾವಣನನ್ನು ನಾಯಕನಾಗಿಸಿದ ಇಲಂಕೇಶ್ವರನ್ ನಾಟಕ, ಅದರ ಭಾರೀ ರಂಗಸಜ್ಜಿಕೆ ಮತ್ತು ಚಮತ್ಕಾರದ ದೃಶ್ಯಗಳಿಂದಾಗಿ ಸಾವಿರಕ್ಕೂ ಹೆಚ್ಚು ಪ್ರದರ್ಶನ ಕಂಡಿತು. ಗುಬ್ಬಿಯವರು ಕನ್ನಡದಲ್ಲಿ ಮಾಡಿದ್ದನ್ನು ನಾಮಕ್ಕಲ್‌ನವರು ತಮಿಳಿನಲ್ಲಿ ಮುಂದುವರಿಸಿದರು. ಎರಡು ಭಾಷೆಗಳ ನಡುವೆ ಬಾಳುವ ನಮಗೆ ಇವರಿಬ್ಬರೂ ನಮ್ಮವರೇ.

ಅನಂತರದ ಕನ್ನಡದಲ್ಲಿ ಈ ಜಾಡಿನಲ್ಲಿ ನಡೆದವರು ಶಂಕರ್ ನಾಗ್. ನಟರಾಗಿ ಉತ್ತುಂಗದಲ್ಲಿದ್ದಾಗಲೇ ಸಂಕೇತ್ ನಾಟಕ ತಂಡ, ಸಂಕೇತ್ ಎಲೆಕ್ಟ್ರಾನಿಕ್ಸ್ ಧ್ವನಿಮುದ್ರಣ ಸ್ಟುಡಿಯೋ, ಬೆಂಗಳೂರಿನ ಹೊರವಲಯದಲ್ಲಿ ಕಂಟ್ರಿ ಕ್ಲಬ್ ಹೀಗೆ ಒಂದರ ಮೇಲೊಂದು ಸಾಹಸಕ್ಕೆ ಕೈಹಾಕಿದರು. 1990ರ ಸೆಪ್ಟೆಂಬರ್ 30ರಂದು ದಾವಣಗೆರೆ ಸಮೀಪದ ರಸ್ತೆ ಅಪಘಾತದಲ್ಲಿ ಅವರು ತೀರಿಕೊಂಡಾಗ ವಯಸ್ಸು ಇನ್ನೂ ಮೂವತ್ತೈದು. ಅವರ ನೆನಪಿನ ರಂಗಶಂಕರ 2004ರಲ್ಲಿ ಬೆಂಗಳೂರಿನಲ್ಲಿ ತೆರೆಯಿತು. ಅಲ್ಲಿ ಇಂದಿಗೂ ಟಿಕೆಟ್ಟು ಕೊಂಡೇ ಜನ ನಾಟಕ ನೋಡುತ್ತಾರೆ.

ಆಹ್ವಾನಿತರ ವೈಭವ, ಟಿಕೆಟ್ಟಿನ ವೈಭವ

ಇಂದಿನ ಐಷಾರಾಮಿ ಸಮಾರಂಭಗಳ ಉದ್ಯಮಕ್ಕೂ ಅಂದಿನ ನಾಟಕ ಕಂಪನಿಗೂ ಹೋಲಿಕೆಗಳು ಬಹಳ. ಎರಡೂ ಬಯಲಿನಲ್ಲಿ ಒಂದು ಲೋಕವನ್ನು ಎಬ್ಬಿಸಿ ಬಿಚ್ಚುತ್ತವೆ. ಎರಡಕ್ಕೂ ಬಡಗಿ, ದರ್ಜಿ, ಚಿತ್ರಕಾರ, ದೀಪದವ, ವಾದ್ಯದವ, ಅಡುಗೆಯವ ಬೇಕು. ಎರಡೂ ಮಳೆಗೆ ಅಂಜುತ್ತವೆ. ವ್ಯತ್ಯಾಸ ಒಂದೇ, ಆದರೆ ಅದು ಮೂಲದ ವ್ಯತ್ಯಾಸ: ಇಂದು ಖರ್ಚು ಕೊಡುವವನು ಒಬ್ಬ ಯಜಮಾನ, ನೋಡುವವರು ಅವನು ಕರೆದವರು. ಅಂದು ಖರ್ಚು ಕೊಟ್ಟವರು ನೋಡಿದವರೇ. ಬಾಗಿಲಲ್ಲಿ ಆಹ್ವಾನಪತ್ರ ಕೇಳುವ ಬದಲು ವೀರಣ್ಣನವರು ಕೈಗೆಟುಕುವ ಟಿಕೆಟ್ಟು ಇಟ್ಟರು. ಆದ್ದರಿಂದಲೇ ಅವರ ವೈಭವ ಜನರ ನೆನಪಾಯಿತು.

ಈ ಉದ್ಯಮಕ್ಕೆ ಇಳಿಯಬಯಸುವ ನಮ್ಮ ಯುವಕ ಯುವತಿಯರಿಗೆ ಕೆಲವು ಮಾತುಗಳು. ಸಮಾರಂಭ ನಿರ್ವಹಣೆ ಇಂದು ಕಾನೂನಿನ ಕಣ್ಣಿನಲ್ಲಿ ಒಂದು ಸೇವೆ. ವರ್ಷದ ವಹಿವಾಟು 20 ಲಕ್ಷ ರೂಪಾಯಿ ದಾಟಿದರೆ ಜಿಎಸ್‌ಟಿ ನೋಂದಣಿ ಬೇಕು. ಆದುದರಿಂದ ಮೊದಲ ಕೆಲಸದಿಂದಲೇ ಮುಂಗಡ, ರಸೀದಿ, ಒಪ್ಪಂದಗಳನ್ನು ಬರೆದಿಡುವುದು ಒಳ್ಳೆಯದು. ನಿರೂಪಣೆ, ವೇದಿಕೆ ವಿನ್ಯಾಸ, ಬೆಳಕು, ಧ್ವನಿ, ಪುಷ್ಪಾಲಂಕಾರ, ಲೆಕ್ಕಪತ್ರ, ಇವುಗಳಲ್ಲಿ ಯಾವುದನ್ನಾದರೂ ಒಂದನ್ನು ಚೆನ್ನಾಗಿ ಕಲಿತು ಆಮೇಲೆ ಎಲ್ಲವನ್ನೂ ನಡೆಸುವ ಹೊಣೆ ಹೊರಬೇಕು; ವೀರಣ್ಣನವರು ಮಾಡಿದ್ದೂ ಅದನ್ನೇ. ಇನ್ನು ಭಾಷೆಯ ಮಾತು. ಬೆಂಗಳೂರಿನಿಂದ ಸೇಲಂವರೆಗಿನ ಈ ದಾರಿಯಲ್ಲಿ ಒಂದು ಮದುವೆಯ ಎರಡು ಕಡೆಯವರು ಎರಡು ಭಾಷೆ ಆಡುವುದು ಸಾಮಾನ್ಯ. ಕನ್ನಡ, ತಮಿಳು, ತೆಲುಗು ಮೂರನ್ನೂ ತಡವರಿಸದೆ ಆಡಬಲ್ಲ ನಿರೂಪಕನಿಗೆ ಇಂತಹ ವೇದಿಕೆಯಲ್ಲಿ ಸಮನಾದವರು ಕಡಿಮೆ. ನಮ್ಮ ಗಡಿನಾಡಿನ ಮಕ್ಕಳಿಗೆ ಅದು ಮನೆಯಲ್ಲೂ ಬೀದಿಯಲ್ಲೂ ಶಾಲೆಯಲ್ಲೂ ಪುಕ್ಕಟೆಯಾಗಿ ಬಂದ ಆಸ್ತಿ.

ಮನೆಯ ಪ್ರಶ್ನೆಗೆ ಮರಳಿ

ಮಾತೃಭಾಷೆಯಲ್ಲಿ ಪ್ರಾಥಮಿಕ ಶಿಕ್ಷಣಕ್ಕೆ ಸಾಕಷ್ಟು ಸೌಕರ್ಯ ಒದಗಿಸಬೇಕೆಂದು ಸಂವಿಧಾನದ 350ಎ ವಿಧಿ ರಾಜ್ಯಗಳಿಗೆ ಹೇಳುತ್ತದೆ. ತಮಿಳುನಾಡಿನ 2006ರ ತಮಿಳು ಕಲಿಕೆ ಕಾಯ್ದೆಯಂತೆ ನಮ್ಮ ಮಕ್ಕಳು ತಮಿಳನ್ನೂ ಕಲಿಯುತ್ತಾರೆ. ಇವೆರಡರ ನಡುವೆ ಸಾಗುವ ನಮ್ಮ ಶಾಲೆಗಳ ಬವಣೆಯನ್ನು ಪಾಲಕರಿಗೆ ನಾವು ವಿವರಿಸಬೇಕಾಗಿಲ್ಲ. ಹಕ್ಕನ್ನು ಕೇಳುವುದು ನಮ್ಮ ಕರ್ತವ್ಯ; ಅದನ್ನು ನಾವು ಬಿಡುವುದೂ ಇಲ್ಲ. ಆದರೆ ಹಕ್ಕಿನಿಂದ ಶಾಲೆ ಉಳಿದೀತು, ಭಾಷೆಯ ಮೇಲಿನ ಮಗುವಿನ ಹೆಮ್ಮೆ ಉಳಿಯಬೇಕಾದರೆ ಇನ್ನೊಂದು ಬೇಕು. ತನ್ನ ಭಾಷೆಯಲ್ಲಿ ದೊಡ್ಡದಾದ, ಸುಂದರವಾದ, ಜನ ದುಡ್ಡು ಕೊಟ್ಟು ನೋಡುವಂತಹ ಏನೋ ಒಂದು ನಡೆಯುತ್ತಿದೆ ಎಂಬುದನ್ನು ಮಗು ಕಣ್ಣಾರೆ ಕಾಣಬೇಕು.

ಧರ್ಮಪುರಿ ಹಿಂದೆ ತಗಡೂರು. ನೊಳಂಬರ ಕಾಲದ ಕನ್ನಡ ಶಾಸನಗಳು ಈ ನೆಲದಲ್ಲಿ ಇವೆ. ಕಲ್ಲಿನಲ್ಲಿ ಉಳಿದ ಕನ್ನಡಕ್ಕೆ ಸಾವಿರ ವರ್ಷ ಮೀರಿದ ಆಯುಸ್ಸು ಬಂತು, ಸರಿಯೇ. ಆದರೆ ಕಲ್ಲು ಮಾತಾಡುವುದಿಲ್ಲ. ನಾಲಿಗೆಯ ಮೇಲಿನ ಕನ್ನಡ ಹಬ್ಬದಲ್ಲಿ, ಹಾಡಿನಲ್ಲಿ, ವ್ಯಾಪಾರದಲ್ಲಿ, ನಗುವಿನಲ್ಲಿ ಓಡಾಡಿದರೆ ಮಾತ್ರ ಉಳಿದೀತು. ವೀರಣ್ಣನವರು ತಮ್ಮ ಆತ್ಮಕಥೆಗೆ ಕಲೆಯೇ ಕಾಯಕ ಎಂದು ಹೆಸರಿಟ್ಟರು. ಕಾಯಕವೆಂದರೆ ಪೂಜೆಯೂ ಹೌದು, ದುಡಿಮೆಯೂ ಹೌದು. ಭಾಷೆಯನ್ನು ನಾವು ಪೂಜಿಸುವುದನ್ನು ಚೆನ್ನಾಗಿ ಕಲಿತಿದ್ದೇವೆ. ಅದರಲ್ಲಿ ದುಡಿಯುವುದನ್ನು ಇನ್ನೂ ಕಲಿಯಬೇಕಾಗಿದೆ.

ಅವರ ಪರಂಪರೆ ನಿಂತಿಲ್ಲ. ಮೊಮ್ಮಗಳು ಬಿ. ಜಯಶ್ರೀ ಅವರು ರಂಗನಟಿಯಾಗಿ, ಗಾಯಕಿಯಾಗಿ, ನಿರ್ದೇಶಕಿಯಾಗಿ ನಾಡಿಗೆ ಪರಿಚಿತರು. 2010ರಲ್ಲಿ ರಾಜ್ಯಸಭೆಗೆ ನಾಮಕರಣಗೊಂಡರು, 2013ರಲ್ಲಿ ಪದ್ಮಶ್ರೀ ಪಡೆದರು. ತುಮಕೂರಿನಲ್ಲಿ ವೀರಣ್ಣನವರ ಹೆಸರಿನ ಕಲಾಕ್ಷೇತ್ರವಿದೆ. ಕರ್ನಾಟಕ ಸರ್ಕಾರ ಅವರ ಹೆಸರಿನಲ್ಲಿ ರಂಗಭೂಮಿಯ ಹಿರಿಯರಿಗೆ ಪ್ರಶಸ್ತಿ ನೀಡುತ್ತದೆ.

ಮಕ್ಕಳಿಗೊಂದು ಕೆಲಸ

ಈ ವಾರ ಮನೆಯ ಹಿರಿಯರನ್ನು ಕೇಳಿ: ಅವರು ಚಿಕ್ಕವರಾಗಿದ್ದಾಗ ನೋಡಿದ ನಾಟಕ ಅಥವಾ ಕೂತ್ತು ಯಾವುದು? ಎಲ್ಲಿ ಕೂತು ನೋಡಿದರು? ಟಿಕೆಟ್ಟು ಇತ್ತೇ? ಯಾವ ಪಾತ್ರ ಇನ್ನೂ ನೆನಪಿದೆ? ಉತ್ತರವನ್ನು ಕನ್ನಡದಲ್ಲಿ ಒಂದು ಪುಟ ಬರೆಯಿರಿ. ಆಮೇಲೆ ಒಂದು ಲೆಕ್ಕ ಮಾಡಿ: 50 ಕುರ್ಚಿ, 100 ಬೆಂಚಿನ ಜಾಗ, 600 ನೆಲದ ಜಾಗ ಇರುವ ಥಿಯೇಟರಿನಲ್ಲಿ ಕುರ್ಚಿಗೆ 100, ಬೆಂಚಿಗೆ 50, ನೆಲಕ್ಕೆ 20 ರೂಪಾಯಿಯಾದರೆ ಯಾವ ದರ್ಜೆಯಿಂದ ಹೆಚ್ಚು ಹಣ ಬರುತ್ತದೆ? ಉತ್ತರ ಕಂಡಾಗ, ವೀರಣ್ಣನವರು ನೆಲದಲ್ಲಿ ಕೂತವನನ್ನು ಏಕೆ ಅಷ್ಟು ಗೌರವಿಸಿದರು ಎಂಬುದು ನಿಮಗೇ ತಿಳಿಯುತ್ತದೆ.

ಪದಪರಿಚಯ

ಮೊಕ್ಕಾಂ: ನಾಟಕ ಕಂಪನಿ ಒಂದು ಊರಿನಲ್ಲಿ ತಂಗಿ ಪ್ರದರ್ಶನ ನಡೆಸುವ ಅವಧಿ.
ತಾಲೀಮು: ಪ್ರದರ್ಶನಕ್ಕೆ ಮುಂಚಿನ ಅಭ್ಯಾಸ.
ಪರದೆ: ಕಾಡು, ಅರಮನೆ, ಬೀದಿ ಮುಂತಾದ ದೃಶ್ಯಗಳನ್ನು ಬಿಡಿಸಿದ ಬಟ್ಟೆಯ ತೆರೆ.
ಬೆನಿಫಿಟ್ ನಾಟಕ: ಒಬ್ಬ ಕಲಾವಿದನ ಅಥವಾ ಒಂದು ಸತ್ಕಾರ್ಯದ ಸಹಾಯಾರ್ಥ ನಡೆಸುವ ಆಟ.
ವಾಕ್ಚಿತ್ರ: ಮಾತು ಕೇಳಿಸುವ ಚಲನಚಿತ್ರ, ಅದಕ್ಕೆ ಮುಂಚಿನದು ಮೂಕಿ.